ನೆನಪಿನ ಮುಟ್ಟುಗೋಲು: ಅಳಿದ ಯುಗೊಸ್ಲಾವಿಯವೂ ಅದರ ಲೇಖಕರೂ

ರಾಜ್ಯಗಳು ಅಳಿಯುವುದು ಚರಿತ್ರೆಗೆ ಹೊಸ ಸಂಗತಿಯಲ್ಲ. ಗೆದ್ದವನು ಸೋತವನ ನಾಡನ್ನು ಕಬಳಿಸಿದ ವೃತ್ತಾಂತಗಳನ್ನು ನಾವು ತರಗತಿಗಳಲ್ಲಿ ನಿತ್ಯವೂ ಹೇಳುತ್ತಿರುತ್ತೇವೆ. ಆದರೆ ಒಂದು ದೇಶವನ್ನು ಅದರ ಒಳಗಿನವರೇ ಪಾಲು ಹಂಚಿಕೊಂಡು ಇಲ್ಲವಾಗಿಸಿದಾಗ, ಅಲ್ಲಿ ಹುಟ್ಟಿ ಬೆಳೆದವರ ನೆನಪುಗಳು ಯಾರ ಸೊತ್ತಾಗುತ್ತವೆ ಎಂಬುದು ಬೇರೆಯೇ ಆದ ಪ್ರಶ್ನೆ. ಹೊಸ ರಾಜ್ಯಕ್ಕೆ ಹೊಸ ಧ್ವಜ, ಹೊಸ ನಾಣ್ಯ, ಹೊಸ ಪಠ್ಯಪುಸ್ತಕಗಳು ಒಂದೆರಡು ವರ್ಷಗಳಲ್ಲಿ ಸಿದ್ಧವಾಗುತ್ತವೆ. ನಲವತ್ತು ದಾಟಿದ ಮನುಷ್ಯನಿಗೆ ಹೊಸ ಬಾಲ್ಯವೊಂದನ್ನು ಒದಗಿಸುವುದು ಮಾತ್ರ ಯಾವ ಸರಕಾರದಿಂದಲೂ ಆಗತಕ್ಕ ಕೆಲಸವಲ್ಲ. ಆಗದಿದ್ದರೂ ಸರಕಾರಗಳು ಅದಕ್ಕೆ ಕೈ ಹಾಕದೆ ಬಿಡುವುದಿಲ್ಲ. ಪ್ರಕೃತ ಲೇಖನದಲ್ಲಿ ಇಂಥ ಪ್ರಯತ್ನಕ್ಕೆ ಎದುರಾಗಿ ನಿಂತ ಒಬ್ಬ ಲೇಖಕಿಯ ಗ್ರಂಥಗಳನ್ನು, ಚರಿತ್ರೆಯ ವಿದ್ಯಾರ್ಥಿಯ ದೃಷ್ಟಿಯಿಂದ ಪರಿಶೀಲಿಸಲು ಉದ್ದೇಶಿಸಿದ್ದೇವೆ.

ದೇಶ ಯುಗೊಸ್ಲಾವಿಯ. 1918ರಲ್ಲಿ ಸರ್ಬ, ಕ್ರೊಯಾಟ್, ಸ್ಲೊವೀನರ ರಾಜ್ಯವೆಂದು ಹುಟ್ಟಿ, 1929ರಲ್ಲಿ ಈ ಹೆಸರನ್ನು ಪಡೆದು, 1941ರಲ್ಲಿ ಜರ್ಮನಿ ಮತ್ತು ಅದರ ಮಿತ್ರರ ದಾಳಿಗೆ ಒಡೆದು, 1945ರಲ್ಲಿ ಟಿಟೊ ಅವರ ನೇತೃತ್ವದಲ್ಲಿ ಆರು ಗಣರಾಜ್ಯಗಳ ಒಕ್ಕೂಟವಾಗಿ ಮತ್ತೆ ಎದ್ದಿತು. 1980ರಲ್ಲಿ ಟಿಟೊ ತೀರಿಕೊಂಡರು. 1991ರ ಜೂನ್ ತಿಂಗಳಲ್ಲಿ ಸ್ಲೊವೇನಿಯ, ಕ್ರೊಯೇಷಿಯಗಳು ಸ್ವಾತಂತ್ರ್ಯವನ್ನು ಘೋಷಿಸಿದವು; 1992ರಿಂದ 1995ರ ವರೆಗೆ ಬಾಸ್ನಿಯ ಯುದ್ಧದಲ್ಲಿ ಬೆಂದಿತು. ನಮ್ಮಲ್ಲಿ ಹಿಂದಿನ ತಲೆಮಾರಿನ ಓದುಗರಿಗೆ ಈ ದೇಶ ಅಪರಿಚಿತವಾಗಿರಲಿಲ್ಲ. 1961ರಲ್ಲಿ ಅಲಿಪ್ತ ರಾಷ್ಟ್ರಗಳ ಮೊದಲ ಸಮ್ಮೇಳನ ಸೇರಿದ್ದು ಅದರ ರಾಜಧಾನಿ ಬೆಲ್‌ಗ್ರೇಡಿನಲ್ಲಿ. ನೆಹರೂ ಮತ್ತು ಟಿಟೊ ಜೊತೆಯಾಗಿ ನಿಂತ ಚಿತ್ರಗಳನ್ನು ನಮ್ಮ ಪತ್ರಿಕೆಗಳೂ ಅಚ್ಚುಹಾಕಿದವು. ಇಂದಿನ ವಿದ್ಯಾರ್ಥಿಗಳಿಗೆ ಅದು ಹಳೆಯ ಭೂಪಟದ ಒಂದು ಬಣ್ಣ ಮಾತ್ರ.

ಲೇಖಕಿ ದುಬ್ರಾವ್ಕ ಉಗ್ರೆಶಿಚ್. 1949ರಲ್ಲಿ ಕ್ರೊಯೇಷಿಯದ ಕುತಿನ ಎಂಬ ಪಟ್ಟಣದಲ್ಲಿ ಹುಟ್ಟಿ, ಜಾಗ್ರೆಬ್ ವಿಶ್ವವಿದ್ಯಾನಿಲಯದಲ್ಲಿ ರಷ್ಯನ್ ಸಾಹಿತ್ಯದ ವ್ಯಾಸಂಗ ನಡೆಸುತ್ತಿದ್ದವರು. ಹೊಸ ರಾಷ್ಟ್ರದ ಯುದ್ಧೋತ್ಸಾಹವನ್ನು ಟೀಕಿಸಿದ್ದಕ್ಕಾಗಿ 1992ರಲ್ಲಿ ಅಲ್ಲಿಯ ವಾರಪತ್ರಿಕೆಯೊಂದು ಅವರನ್ನೂ ಇತರ ನಾಲ್ವರು ಲೇಖಕಿಯರನ್ನೂ ಮಾಟಗಾತಿಯರ ಸಾಲಿಗೆ ಸೇರಿಸಿತು. 1993ರಲ್ಲಿ ದೇಶ ಬಿಟ್ಟರು. 2023ರಲ್ಲಿ ಆಮ್‌ಸ್ಟರ್‌ಡ್ಯಾಮಿನಲ್ಲಿ ತೀರಿಕೊಂಡರು. ಅವರ ‘ಸುಳ್ಳಿನ ಸಂಸ್ಕೃತಿ’ ಎಂಬ ಪ್ರಬಂಧ ಸಂಕಲನ, ‘ಬೇಷರತ್ತಾದ ಶರಣಾಗತಿಯ ವಸ್ತುಸಂಗ್ರಹಾಲಯ’ ಮತ್ತು ‘ನೋವಿನ ಮಂತ್ರಾಲಯ’ ಎಂಬ ಎರಡು ಕಾದಂಬರಿಗಳು ನಮ್ಮ ವಿಚಾರಕ್ಕೆ ಮುಖ್ಯವಾದವು. ನಾವು ಇವನ್ನು ಓದಿರುವುದು ಇಂಗ್ಲಿಷ್ ಅನುವಾದಗಳಲ್ಲಿ. ಆದಕಾರಣ ಅವುಗಳ ಶೈಲಿಯ ಬಗೆಗೆ ತೀರ್ಪು ಕೊಡುವ ಅಧಿಕಾರ ನಮಗಿಲ್ಲ. ವಿಚಾರದ ಬಗೆಗೆ ಮಾತ್ರ ಹೇಳುತ್ತೇವೆ.

ಪ್ರಬಂಧ ಸಂಕಲನದ ಒಂದು ಪ್ರಮುಖ ಬರೆಹಕ್ಕೆ ಆಕೆ ಕೊಟ್ಟಿರುವ ಹೆಸರನ್ನು ‘ನೆನಪಿನ ಮುಟ್ಟುಗೋಲು’ ಎಂದು ಕನ್ನಡಿಸಬಹುದು. ಮುಟ್ಟುಗೋಲು ಎಂಬ ನಮ್ಮ ಮಾತು ಇಲ್ಲಿ ಚೆನ್ನಾಗಿ ಹೊಂದುತ್ತದೆ. ಕಂದಾಯ ಕಟ್ಟದ ರೈತನ ಮನೆಗೆ ಅಧಿಕಾರಿ ಬಂದು ಪಾತ್ರೆ ಪದಾರ್ಥಗಳನ್ನು ಪಟ್ಟಿ ಮಾಡಿ ಮುದ್ರೆ ಒತ್ತುವ ಹಾಗೆ, ಹೊಸ ರಾಜ್ಯಗಳು ತಮ್ಮ ಪ್ರಜೆಗಳ ಸಾಮಾನ್ಯ ಜೀವನದ ನೆನಪಿಗೆ ಮುದ್ರೆ ಒತ್ತಿದವು ಎಂಬುದು ಆಕೆಯ ವಾದದ ಸಾರ. ಶಾಲೆಯ ಪಾಠ, ಬೇಸಗೆಯ ಸಮುದ್ರತೀರ, ಸಿನಿಮಾ ಹಾಡು, ಮಿಠಾಯಿಯ ಹೆಸರು, ಇವೆಲ್ಲ ಐವತ್ತು ವರ್ಷ ಎರಡು ಕೋಟಿಗೂ ಮೀರಿದ ಜನಕ್ಕೆ ಸಮಾನವಾಗಿದ್ದವು. ಹೊಸ ಆಡಳಿತಕ್ಕೆ ಇವು ಬೇಡವಾದವು. ಮರೆಯಬೇಕೆಂಬ ಒತ್ತಾಯವೂ, ಮರೆತಿದ್ದ ಮಧ್ಯಯುಗದ ವೈಭವವನ್ನು ನೆನೆಯಬೇಕೆಂಬ ಒತ್ತಾಯವೂ ಏಕಕಾಲಕ್ಕೆ ಬಂದವು. ಮುಟ್ಟುಗೋಲಿಗೆ ನಿದರ್ಶನಗಳನ್ನು ಬಹಳ ದೂರ ಹುಡುಕಬೇಕಾಗಿಲ್ಲ. 1990ರಿಂದ 2000ದ ವರೆಗಿನ ದಶಕದಲ್ಲಿ ಕ್ರೊಯೇಷಿಯವೊಂದರಲ್ಲಿಯೇ ಫ್ಯಾಸಿಸ್ಟ್ ವಿರೋಧಿ ಹೋರಾಟದ ಸುಮಾರು ಮೂರು ಸಾವಿರ ಸ್ಮಾರಕಗಳು ನಾಶವಾದವು ಅಥವಾ ಘಾಸಿಗೊಂಡವು. 1992ರ ಆಗಸ್ಟಿನಲ್ಲಿ ಸರಾಯೆವೊ ನಗರದ ರಾಷ್ಟ್ರೀಯ ಗ್ರಂಥಾಲಯ, ಮುತ್ತಿಗೆ ಹಾಕಿದ್ದ ಸರ್ಬ್ ಸೈನ್ಯದ ಗುಂಡುಗಳಿಗೆ ಸುಟ್ಟು, ಅದರ ಗ್ರಂಥರಾಶಿಯ ಬಹುಭಾಗ ಬೂದಿಯಾಯಿತು. ಒಂದೇ ಆಗಿದ್ದ ಭಾಷೆಗೆ ಈಗ ನಾಲ್ಕು ಹೆಸರು: ಸರ್ಬಿಯನ್, ಕ್ರೊಯೇಷಿಯನ್, ಬಾಸ್ನಿಯನ್, ಮಾಂಟೆನಿಗ್ರಿನ್. ಹಿಂದಿ ಉರ್ದುಗಳ ವ್ಯಾಜ್ಯವನ್ನು ಬಲ್ಲ ನಮಗೆ ಇದು ತೀರ ವಿಚಿತ್ರವೆನಿಸದು. ಆದರೆ ಅಲ್ಲಿ ನೆರೆಹೊರೆಯವರ ಮಾತನ್ನು ಅನುವಾದಿಸಿ ಕೊಡಬೇಕೆಂದು ನ್ಯಾಯಾಲಯದಲ್ಲಿ ಕೇಳುವ ಹಕ್ಕೂ ಈ ಹೆಸರುಗಳೊಡನೆ ಹುಟ್ಟಿಕೊಂಡಿತು.

ಕಾದಂಬರಿಯಲ್ಲಿ ಉಗ್ರೆಶಿಚ್ ಅವರು ಈ ವಾದವನ್ನು ವಸ್ತುಗಳ ಮೂಲಕ ಮಂಡಿಸುತ್ತಾರೆ. ಬರ್ಲಿನ್ ಮೃಗಾಲಯದಲ್ಲಿ 1961ರ ಆಗಸ್ಟಿನಲ್ಲಿ ಸತ್ತ ಒಂದು ವಾಲ್ರಸ್ಸಿನ ಹೊಟ್ಟೆಯಲ್ಲಿ ಸಿಕ್ಕಿದ ಚೂರುಪಾರು ಸಾಮಾನುಗಳ ಪ್ರದರ್ಶನದಿಂದ ಕಥೆ ಪ್ರಾರಂಭವಾಗುತ್ತದೆ. ಒಂದಕ್ಕೊಂದು ಸಂಬಂಧವಿಲ್ಲದ ವಸ್ತುಗಳು ಒಂದು ಹೊಟ್ಟೆಯಲ್ಲಿ ಸೇರಿದ್ದರಿಂದಲೇ ಸಂಬಂಧ ಪಡೆದವು. ತಾಯಿಯ ಹಳೆಯ ಕೈಚೀಲದಲ್ಲಿ ಅಡಕವಾಗಿರುವ ಭಾವಚಿತ್ರಗಳು ಕಾದಂಬರಿಯುದ್ದಕ್ಕೂ ಬರುತ್ತವೆ. ಸರಾಯೆವೊ ನಗರಕ್ಕೆ ಗುಂಡು ಹಾರಿಸುತ್ತಿದ್ದ ಜನರಲ್ ಮ್ಲಾದಿಚ್ ಕುರಿತು ಪ್ರಚಾರದಲ್ಲಿದ್ದ ಒಂದು ಕಥೆಯನ್ನೂ ಆಕೆ ಹೇಳುತ್ತಾರೆ: ಪರಿಚಯಸ್ಥನ ಮನೆಯನ್ನು ಉಡಾಯಿಸುವ ಮೊದಲು ಆತನಿಗೆ ದೂರವಾಣಿ ಮಾಡಿ, ಭಾವಚಿತ್ರಗಳ ಆಲ್ಬಮ್ಮುಗಳನ್ನು ತೆಗೆದುಕೊಳ್ಳಲು ಐದು ನಿಮಿಷ ಕೊಟ್ಟನಂತೆ. ಕಥೆ ನಿಜವೋ ಅಲ್ಲವೋ, ಜನ ಅದನ್ನು ಹೇಳಿಕೊಂಡರೆಂಬುದೇ ಚರಿತ್ರಕಾರನಿಗೆ ಸಾಕಾದ ಸಾಕ್ಷ್ಯ. ಗ್ರಂಥದ ಹೆಸರೂ ಬರ್ಲಿನ್ನಿನ ಕಾರ್ಲ್ಸ್‌ಹೋರ್ಸ್ಟ್‌ನಲ್ಲಿ, 1945ರಲ್ಲಿ ಜರ್ಮನಿ ಶರಣಾದ ಕಟ್ಟಡದಲ್ಲಿ, ಸೋವಿಯತ್ತರು ಇಟ್ಟಿದ್ದ ಸಂಗ್ರಹಾಲಯದಿಂದ ಬಂದದ್ದು. ಗೆದ್ದ ರಾಜ್ಯ ಕಟ್ಟಿದ ಸಂಗ್ರಹಾಲಯ ಆ ರಾಜ್ಯಕ್ಕಿಂತ ಹೆಚ್ಚು ಕಾಲ ಬದುಕಿತು ಎಂಬ ವ್ಯಂಗ್ಯ ಇದರಲ್ಲಿ ಅಡಗಿದೆ.

ಇದಕ್ಕೆ ಪ್ರತಿಯಾಗಿ ಇವೊ ಆಂದ್ರಿಚ್ ಅವರ ‘ದ್ರೀನ ನದಿಯ ಸೇತುವೆ’ಯನ್ನು ಇಟ್ಟು ನೋಡುವುದು ಉಪಯುಕ್ತ. ಜರ್ಮನರ ವಶದಲ್ಲಿದ್ದ ಬೆಲ್‌ಗ್ರೇಡಿನಲ್ಲಿ ಬರೆದು 1945ರಲ್ಲಿ ಪ್ರಕಟವಾದ ಈ ಕಾದಂಬರಿ ವಿಶೆಗ್ರಾದ್ ಊರಿನ ಹದಿನಾರನೆಯ ಶತಮಾನದ ಕಲ್ಲುಸೇತುವೆಯ ಸುತ್ತ ನಾಲ್ಕು ಶತಮಾನಗಳ ಕಥೆಯನ್ನು ಹೆಣೆಯುತ್ತದೆ. ದೇಶ ಬದುಕಿದ್ದಾಗ ನೆನಪು ಕಲ್ಲನ್ನು ಆಶ್ರಯಿಸಬಹುದಾಗಿತ್ತು. ದೇಶ ಹೋದ ಮೇಲೆ ಅದಕ್ಕೆ ಕೈಚೀಲವೇ ಗತಿಯಾಯಿತು. ಕ್ಯಾಥೊಲಿಕ್ ಕ್ರೊಯಾಟ್ ತಂದೆತಾಯಿಗಳಿಗೆ ಬಾಸ್ನಿಯದಲ್ಲಿ ಹುಟ್ಟಿ, ಸರ್ಬಿಯದಲ್ಲಿ ಬದುಕಿ, ತನ್ನನ್ನು ಯುಗೊಸ್ಲಾವ್ ಲೇಖಕನೆಂದು ತಿಳಿದ ಆಂದ್ರಿಚ್ 1961ರಲ್ಲಿ ನೊಬೆಲ್ ಬಹುಮಾನ ಪಡೆದು ಆ ಹಣವನ್ನು ಬಾಸ್ನಿಯದ ಗ್ರಂಥಾಲಯಗಳಿಗೆ ಕೊಟ್ಟರು. ಇಂದು ಅವರು ಯಾವ ದೇಶದ ಲೇಖಕರು? ಸಾಹಿತ್ಯ ಚರಿತ್ರೆಗಳು ಎಳೆದಾಡುತ್ತಿವೆ. ವಿಶೆಗ್ರಾದ್‌ನಲ್ಲಿದ್ದ ಅವರ ಸ್ಮಾರಕವನ್ನು 1991ರಲ್ಲಿ ಒಡೆದು ಹಾಕಿದರು. 1992ರಲ್ಲಿ ಅದೇ ಊರಿನ ಮುಸ್ಲಿಮರನ್ನು ಆ ಸೇತುವೆಯ ಮೇಲೆ ಕೊಂದು ನದಿಗೆ ಎಸೆದ ಸಂಗತಿ ಹೇಗ್ ನಗರದ ಅಂತಾರಾಷ್ಟ್ರೀಯ ನ್ಯಾಯಮಂಡಲಿಯ ಮುಂದೆ ಬಂದಿತು. 2014ರಲ್ಲಿ ಚಿತ್ರನಿರ್ದೇಶಕ ಎಮಿರ್ ಕುಸ್ತುರಿತ್ಸ ಅವರು ಅದೇ ಊರಿನಲ್ಲಿ ಆಂದ್ರಿಚ್ ಹೆಸರಿನ ಒಂದು ಹೊಸ ಕಲ್ಲಿನ ಪೇಟೆಯನ್ನೇ ಕಟ್ಟಿ ತೆರೆದರು. ಸ್ಮಾರಕವನ್ನು ಒಡೆದದ್ದು ಒಂದು ಬಗೆಯ ಮುಟ್ಟುಗೋಲಾದರೆ, ಪೇಟೆ ಕಟ್ಟಿದ್ದು ಇನ್ನೊಂದು ಬಗೆಯದು ಎಂದು ನಮಗೆ ತೋರುತ್ತದೆ.

ಇಲ್ಲಿಯವರೆಗೆ ಉಗ್ರೆಶಿಚ್ ಅವರ ಮಾತನ್ನು ಒಪ್ಪಲು ನಮಗೆ ಅಡ್ಡಿಯಿಲ್ಲ. ನಮ್ಮ ಆಕ್ಷೇಪಣೆ ಮುಂದಿನದು. 1991ರಲ್ಲಿ ಮುಟ್ಟುಗೋಲಾದ ನೆನಪು ಅದಕ್ಕೆ ಮುಂಚೆ ಸ್ವತಂತ್ರವಾಗಿತ್ತೆ? ಮೊದಲನೆಯ ಮುಟ್ಟುಗೋಲನ್ನು ಹಾಕಿದ್ದು ಯುಗೊಸ್ಲಾವಿಯವೇ ಅಲ್ಲವೆ? ಈ ಹಿಂದಿನ ಅಪರಾಧಕ್ಕೆ ಆಕೆಯ ಬರೆಹದಲ್ಲಿ ದೊರೆಯುವ ಸ್ಥಳ ಕಿರಿದು.

ಎರಡನೆಯ ಮಹಾಯುದ್ಧದಲ್ಲಿ ಸತ್ತವರ ಲೆಕ್ಕವನ್ನೇ ತೆಗೆದುಕೊಳ್ಳೋಣ. ಯುದ್ಧಾನಂತರ ಪರಿಹಾರ ಕೇಳುವಾಗ ಯುಗೊಸ್ಲಾವ್ ಸರಕಾರ ಕೊಟ್ಟ ಸಂಖ್ಯೆ 17,06,000. ಈ ಸಂಖ್ಯೆ ನಲವತ್ತು ವರ್ಷ ಪಠ್ಯಪುಸ್ತಕಗಳಲ್ಲಿ ಮಂತ್ರದಂತೆ ಉಳಿಯಿತು. 1964ರಲ್ಲಿ, ಜರ್ಮನಿಯಿಂದ ಪರಿಹಾರ ಪಡೆಯುವ ಸಲುವಾಗಿ, ಸರಕಾರವೇ ಊರೂರಿಗೆ ಜನರನ್ನು ಕಳುಹಿಸಿ ಸತ್ತವರ ಹೆಸರುಗಳ ಪಟ್ಟಿ ಮಾಡಿಸಿತು. ಸಿಕ್ಕಿದ ಹೆಸರುಗಳು 5,97,323. ಪಟ್ಟಿ ಪೂರ್ಣವಾಗಿರಲಿಲ್ಲವೆಂಬುದು ದಿಟ. ಆದರೂ ಅಧಿಕೃತ ಸಂಖ್ಯೆಗೂ ಇದಕ್ಕೂ ಇದ್ದ ಅಂತರ ಮುಜುಗರಕ್ಕೆ ಕಾರಣವಾಗಿ ಪಟ್ಟಿಯನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿದರು. ಸಂಖ್ಯಾಶಾಸ್ತ್ರದ ಆಧಾರದಿಂದ 1980ರ ದಶಕದಲ್ಲಿ ಲೆಕ್ಕ ಹಾಕಿದವರು ಇಬ್ಬರು: ದೇಶಾಂತರದಲ್ಲಿದ್ದ ಸರ್ಬ್ ವಿದ್ವಾಂಸ ಕೊಚೊವಿಚ್ ಮತ್ತು ಕ್ರೊಯಾಟ್ ವಿದ್ವಾಂಸ ಜೆರ್ಯಾವಿಚ್. ಒಬ್ಬರಿಗೆ ಬಂದ ಸಂಖ್ಯೆ 10,14,000, ಇನ್ನೊಬ್ಬರಿಗೆ 10,27,000. ಬೇರೆ ಬೇರೆ ಜನಾಂಗದ ಇಬ್ಬರು ಬೇರೆ ಬೇರೆಯಾಗಿ ಲೆಕ್ಕ ಹಾಕಿ ಇಷ್ಟು ಹತ್ತಿರಕ್ಕೆ ಬಂದದ್ದು ಗಮನಾರ್ಹ. ಆದರೆ ಅಷ್ಟು ಹೊತ್ತಿಗೆ ಕಾಲ ಮೀರಿತ್ತು.

ಉಸ್ತಾಶರೆಂಬ ಕ್ರೊಯಾಟ್ ಫ್ಯಾಸಿಸ್ಟರು ನಡೆಸಿದ ಯಾಸೆನೊವಾಟ್ಸ್ ಶಿಬಿರದ ವಿಷಯವೂ ಹೀಗೆಯೇ. ಅಲ್ಲಿ ಸರ್ಬರು, ಯೆಹೂದ್ಯರು, ರೋಮಾ ಜನ, ಫ್ಯಾಸಿಸ್ಟ್ ವಿರೋಧಿಗಳಾದ ಕ್ರೊಯಾಟರು ಕೊಲೆಯಾದರು. ಯುಗೊಸ್ಲಾವ್ ಕಾಲದಲ್ಲಿ ಬಹುವಾಗಿ ಹೇಳುತ್ತಿದ್ದ ಸಂಖ್ಯೆ ಏಳು ಲಕ್ಷ. ಮುಂದೆ ಕ್ರೊಯೇಷಿಯದ ಅಧ್ಯಕ್ಷರಾದ ಫ್ರಾನ್ಯೊ ತುಜ್ಮನ್ 1989ರ ತಮ್ಮ ಗ್ರಂಥದಲ್ಲಿ ಅದನ್ನು ಮೂವತ್ತು ನಲವತ್ತು ಸಾವಿರಕ್ಕೆ ಇಳಿಸಿದರು. ಒಬ್ಬೊಬ್ಬರ ಹೆಸರನ್ನೂ ಶೋಧಿಸಿ ಸ್ಮಾರಕ ಸಂಸ್ಥೆ ಸಿದ್ಧಪಡಿಸಿದ ಪಟ್ಟಿಯಲ್ಲಿ 2013ರ ಹೊತ್ತಿಗೆ 83,145 ಹೆಸರುಗಳಿದ್ದವು. ಏಳು ಲಕ್ಷ ಎಂದಾಗ ಸರ್ಬ್ ಮಕ್ಕಳು ಕ್ರೊಯಾಟರನ್ನು ಹೆದರಿ ನೋಡಿದರು. ಮೂವತ್ತು ಸಾವಿರ ಎಂದಾಗ ಕ್ರೊಯಾಟ್ ಮಕ್ಕಳು ಸರ್ಬರನ್ನು ಸುಳ್ಳರೆಂದು ತಿಳಿದರು. 1964ರ ಪಟ್ಟಿಯನ್ನು ಸಕಾಲದಲ್ಲಿ ಪ್ರಕಟಿಸಿ ವಿದ್ವಾಂಸರ ಕೈಗೆ ಕೊಟ್ಟಿದ್ದರೆ 1990ರ ಭಾಷಣಕಾರರಿಗೆ ಇಷ್ಟು ಸುಲಭವಾಗಿ ಮದ್ದುಗುಂಡು ಸಿಗುತ್ತಿರಲಿಲ್ಲ ಎಂಬುದು ನಮ್ಮ ಮತ. ಯುದ್ಧಕ್ಕೆ ಅದೇ ಕಾರಣವೆಂದು ನಾವು ಹೇಳುವುದಿಲ್ಲ. ವಿದೇಶೀ ಸಾಲ, ಹಣದುಬ್ಬರ, 1974ರ ಸಂವಿಧಾನದ ತೊಡಕು, ಮಿಲೊಶೆವಿಚ್ ಅವರ ಅಧಿಕಾರದಾಹ ಇವೆಲ್ಲ ಇದ್ದೇ ಇದ್ದವು.

ಆ ಪಟ್ಟಿಯಲ್ಲಿ ಇನ್ನೊಂದು ಕೊರತೆಯುಂಟು. ಶತ್ರುಪಕ್ಷದಲ್ಲಿ ಸತ್ತವರ ಹೆಸರನ್ನು ಅದು ಸೇರಿಸಿಕೊಳ್ಳಲಿಲ್ಲ. 1945ರ ಮೇ ತಿಂಗಳಲ್ಲಿ ಆಸ್ಟ್ರಿಯದ ಬ್ಲೈಬುರ್ಗ್ ಬಳಿ ಶರಣಾದ ಮೇಲೆ ವಿಚಾರಣೆಯಿಲ್ಲದೆ ಕೊಲ್ಲಲ್ಪಟ್ಟ ಸಾವಿರಾರು ಜನರಲ್ಲಿ ಅಪರಾಧಿಗಳಿದ್ದರು, ಬಲವಂತವಾಗಿ ಸೈನ್ಯಕ್ಕೆ ಸೇರಿದವರಿದ್ದರು, ಬರಿಯ ನಾಗರಿಕರೂ ಇದ್ದರು. ಅವರ ಮನೆಯವರು ನಲವತ್ತೈದು ವರ್ಷ ಬಾಯಿ ಮುಚ್ಚಿಕೊಂಡಿದ್ದರು. 1949ರಿಂದ ಸ್ಟಾಲಿನ್ ಪಕ್ಷಪಾತಿಗಳೆಂಬ ಆರೋಪದ ಮೇಲೆ ಗೋಲಿ ಒತೋಕ್ ದ್ವೀಪದ ಸೆರೆಗೆ ಹೋಗಿ ಬಂದವರೂ ಹಾಗೆಯೇ. ಹೊರಗೆ ಆಡಲಾರದ ಮಾತು ಅಡಿಗೆಮನೆಯಲ್ಲಿ ಬೆಳೆಯುತ್ತದೆ. ಹೀಗೆ ಬೆಳೆದ ನೆನಪನ್ನು ಯಾವ ಮಿಠಾಯಿಯ ಹೆಸರೂ, ಯಾವ ಸಿನಿಮಾ ಹಾಡೂ ಸಮಾಧಾನಪಡಿಸಲಾರದು.

ನ್ಯಾಯವಾಗಿ ಹೇಳಬೇಕಾದರೆ, 2004ರಲ್ಲಿ ಪ್ರಕಟವಾದ ‘ನೋವಿನ ಮಂತ್ರಾಲಯ’ದಲ್ಲಿ ಉಗ್ರೆಶಿಚ್ ಅವರು ತಮ್ಮ ವಾದವನ್ನು ತಾವೇ ಪರೀಕ್ಷೆಗೆ ಒಡ್ಡಿದ್ದಾರೆ. ಆಕೆಯ ಗ್ರಂಥಗಳಲ್ಲಿ ಇದನ್ನೇ ನಾವು ಶ್ರೇಷ್ಠವೆಂದು ಎಣಿಸುತ್ತೇವೆ. ತಾನ್ಯ ಲುತ್ಸಿಚ್ ಎಂಬ ಅಧ್ಯಾಪಕಿ ಜಾಗ್ರೆಬ್ ಬಿಟ್ಟು ಆಮ್‌ಸ್ಟರ್‌ಡ್ಯಾಮ್ ವಿಶ್ವವಿದ್ಯಾನಿಲಯದಲ್ಲಿ, ಇಲ್ಲವಾದ ದೇಶದ ಸಾಹಿತ್ಯವನ್ನು ಪಾಠ ಹೇಳುತ್ತಾಳೆ. ವಿದ್ಯಾರ್ಥಿಗಳಲ್ಲಿ ಹೆಚ್ಚಿನವರು ಆ ದೇಶದಿಂದಲೇ ಓಡಿಬಂದವರು; ನೆದರ್ಲೆಂಡಿನಲ್ಲಿ ಉಳಿಯಲು ಅನುಮತಿ ಬೇಕಾಗಿ ಹೆಸರು ಬರೆಸಿದವರು. ಭಾಷೆಯನ್ನು ಯಾವ ಹೆಸರಿನಿಂದ ಕರೆದರೂ ಜಗಳವಾಗುವುದರಿಂದ ಎಲ್ಲರೂ ‘ನಮ್ಮದು’ ಎಂದಷ್ಟೇ ಕರೆಯುತ್ತಾರೆ. ಪಠ್ಯಕ್ರಮವನ್ನು ಪಕ್ಕಕ್ಕಿಟ್ಟು ಅಧ್ಯಾಪಕಿ ಅವರಿಗೆ ಒಂದು ಆಟ ಹೂಡುತ್ತಾಳೆ: ಹಳೆಯ ದೇಶದ ನಿತ್ಯಜೀವನದಲ್ಲಿ ನೆನಪಾದದ್ದನ್ನೆಲ್ಲ ಬರೆದು ತನ್ನಿ, ಒಂದು ಕಲ್ಪಿತ ಸಂಗ್ರಹಾಲಯ ಮಾಡೋಣ. ಕೆಂಪು, ಬಿಳಿ, ನೀಲಿ ಪಟ್ಟೆಗಳ ಅಗ್ಗದ ಪ್ಲಾಸ್ಟಿಕ್ ಚೀಲವೇ ಆ ಸಂಗ್ರಹಾಲಯದ ಲಾಂಛನ. ಕೆಲವು ವಾರ ಎಲ್ಲರೂ ಮಕ್ಕಳಂತೆ ಸಂತೋಷಪಡುತ್ತಾರೆ.

ಆಮೇಲೆ ಆಟ ಕೆಡುತ್ತದೆ. ಉರೋಶ್ ಎಂಬ ವಿದ್ಯಾರ್ಥಿ ಆತ್ಮಹತ್ಯೆ ಮಾಡಿಕೊಳ್ಳುತ್ತಾನೆ. ಅವನ ತಂದೆ ಯುದ್ಧಾಪರಾಧದ ಆಪಾದಿತನೆಂದು ತಿಳಿದುಬರುತ್ತದೆ. ಮಿಠಾಯಿಗಳನ್ನು ನೆನೆಯುತ್ತಿದ್ದ ತರಗತಿಯಲ್ಲಿ ಈ ಹುಡುಗನಿಗೆ ತನ್ನ ನೆನಪನ್ನು ಇಡಲು ಜಾಗವಿರಲಿಲ್ಲ. ಇತ್ತ, ಪಾಠ ಸರಿಯಾಗಿ ನಡೆಯುತ್ತಿಲ್ಲವೆಂದು ವಿದ್ಯಾರ್ಥಿಗಳಲ್ಲೇ ಯಾರೋ ವಿಭಾಗದ ಮುಖ್ಯಸ್ಥರಿಗೆ ದೂರು ಕೊಟ್ಟಿರುತ್ತಾರೆ. (ಅಧ್ಯಾಪಕ ವರ್ಗದ ಓದುಗರಿಗೆ ಈ ಭಾಗ ವಿಶೇಷವಾಗಿ ರುಚಿಸಬಹುದು.) ಅಧ್ಯಾಪಕಿ ಆಟ ನಿಲ್ಲಿಸಿ ಕಟ್ಟುನಿಟ್ಟಾಗಿ ಪಾಠ ಒಪ್ಪಿಸಲು ತೊಡಗುತ್ತಾಳೆ, ತಾನೂ ಕ್ರೂರಿಯಾಗುತ್ತಾಳೆ. ನೆನಪಿನ ಆಟವೂ ಕೆಲಸಕ್ಕೆ ಬಾರದೆ, ಪಠ್ಯಕ್ರಮವೂ ಕೆಲಸಕ್ಕೆ ಬಾರದೆ ಹೋದ ಈ ಸ್ಥಿತಿಯನ್ನು ಲೇಖಕಿ ಯಾವ ಪರಿಹಾರವನ್ನೂ ಸೂಚಿಸದೆ ಚಿತ್ರಿಸಿದ್ದಾರೆ. ಪ್ರಬಂಧಕಾರ್ತಿ ಕಾಣದೆ ಬಿಟ್ಟದ್ದನ್ನು ಕಾದಂಬರಿಕಾರ್ತಿ ಕಂಡರು ಎಂದರೆ ಅತ್ಯುಕ್ತಿಯಾಗಲಾರದು.

ಇಷ್ಟಾದರೂ ಒಂದು ಪ್ರಶ್ನೆ ಉಳಿಯುತ್ತದೆ. ಈ ‘ನಮ್ಮ’ ಎಂಬುದರೊಳಗೆ ಯಾರು ಸೇರುತ್ತಾರೆ? ಯುಗೊಸ್ಲಾವಿಯ ಎಂದರೆ ದಕ್ಷಿಣ ಸ್ಲಾವರ ನಾಡು. ಸ್ಲಾವರಲ್ಲದ ಅಲ್ಬೇನಿಯನ್ನರು ಕೊಸೊವೊ ಪ್ರಾಂತದಲ್ಲಿ ಬಹುಸಂಖ್ಯಾತರಾಗಿದ್ದರೂ ಹೆಸರಿನಿಂದಲೇ ಅವರು ಹೊರಗೆ. 1966ರ ವರೆಗೆ ರಾಂಕೊವಿಚ್ ಅವರ ಪೋಲೀಸರ ಕೈಯಲ್ಲಿ ಅವರು ಪಟ್ಟ ಪಾಡು, 1974ರಲ್ಲಿ ದೊರೆತ ವಿಸ್ತೃತ ಸ್ವಾಯತ್ತತೆ, 1989ರಲ್ಲಿ ಅದನ್ನು ಕಿತ್ತುಕೊಂಡದ್ದು, ಇವು ಹಾಡು ಮಿಠಾಯಿಗಳ ಪಟ್ಟಿಯಲ್ಲಿ ಬರತಕ್ಕವಲ್ಲ. ಗ್ಯಾಲಪ್ ಸಂಸ್ಥೆ 2017ರಲ್ಲಿ ಪ್ರಕಟಿಸಿದ ಸಮೀಕ್ಷೆಯಲ್ಲಿ ಯುಗೊಸ್ಲಾವಿಯ ಒಡೆದದ್ದರಿಂದ ತಮ್ಮ ದೇಶಕ್ಕೆ ಕೇಡಾಯಿತು ಎಂದವರು ಸರ್ಬಿಯದಲ್ಲಿ ನೂರಕ್ಕೆ 81, ಬಾಸ್ನಿಯದಲ್ಲಿ 77, ಕ್ರೊಯೇಷಿಯದಲ್ಲಿ 23, ಕೊಸೊವೊದಲ್ಲಿ ಕೇವಲ 10. ಅಳಿದ ದೇಶದ ಹಂಬಲವನ್ನು ಮಾನವಸಹಜ ಭಾವವೆಂದು ವರ್ಣಿಸುವ ವಿಮರ್ಶಕರು ಈ ಅಂಕಿಗಳನ್ನು ಗಮನಿಸಬೇಕು. ಒಂದೇ ದೇಶ ಒಬ್ಬನಿಗೆ ತವರುಮನೆಯೂ ಮತ್ತೊಬ್ಬನಿಗೆ ಠಾಣೆಯೂ ಆಗಿದ್ದಿತು.

ಇದಕ್ಕೆ ವಿರುದ್ಧವಾದ ಅಂಚಿನಲ್ಲಿರುವ ಇನ್ನೊಂದು ವರ್ಗದ ಕಡೆಗೆ ಓದುಗರ ಗಮನವನ್ನು ಸೆಳೆಯಬೇಕಾಗಿದೆ. ಜನಗಣತಿಯಲ್ಲಿ ಸರ್ಬ್ ಎಂದಾಗಲಿ ಕ್ರೊಯಾಟ್ ಎಂದಾಗಲಿ ಬರೆಸದೆ ‘ಯುಗೊಸ್ಲಾವ್’ ಎಂದೇ ಬರೆಸಿದವರು 1971ರಲ್ಲಿ 2,73,077 ಜನ; 1981ರಲ್ಲಿ 12,19,045 ಜನ. ಇವರಲ್ಲಿ ಮಿಶ್ರ ವಿವಾಹದ ಮಕ್ಕಳಿದ್ದರು, ನಗರವಾಸಿಗಳಿದ್ದರು, ಟಿಟೊ ತೀರಿಕೊಂಡ ಮರುವರ್ಷ ನಿಷ್ಠೆಯನ್ನು ತೋರಬೇಕೆಂದವರೂ ಇದ್ದಿರಬಹುದು. ಹೊಸ ರಾಜ್ಯಗಳಲ್ಲಿ ಇವರಿಗೆ ಪಾಲು ಸಿಗಲಿಲ್ಲ. 1995ರ ಡೇಟನ್ ಒಪ್ಪಂದದ ಸಂವಿಧಾನದಂತೆ ಬಾಸ್ನಿಯದ ಮೂವರು ಅಧ್ಯಕ್ಷರು ಒಬ್ಬ ಬೋಸ್ನಿಯಾಕ್, ಒಬ್ಬ ಕ್ರೊಯಾಟ್, ಒಬ್ಬ ಸರ್ಬ್ ಆಗಿರಬೇಕು, ಉಳಿದವರೆಲ್ಲ ‘ಇತರರು’. ರೋಮಾ ಜನಾಂಗದ ದೆರ್ವೊ ಸೈದಿಚ್, ಯೆಹೂದ್ಯರಾದ ಯಾಕೋಬ್ ಫಿಂಚಿ ಇಬ್ಬರೂ ದಾವೆ ಹೂಡಿ, ಯೂರೋಪಿನ ಮಾನವ ಹಕ್ಕುಗಳ ನ್ಯಾಯಾಲಯ 2009ರ ಡಿಸೆಂಬರಿನಲ್ಲಿ ಅವರ ಪರವಾಗಿ ತೀರ್ಪಿತ್ತಿತು. ತೀರ್ಪು ಬಂದು ಹಲವು ವರ್ಷಗಳಾದರೂ ಸಂವಿಧಾನದ ವಿಧಿ ಬದಲಾಗದೆ ನಿಂತಿತು. ಉಗ್ರೆಶಿಚ್ ಅವರ ವಾಚಕರಲ್ಲಿ ಈ ‘ಇತರರು’ ಬಹುಮಂದಿ ಇರಬೇಕೆಂದು ನಾವು ಊಹಿಸುತ್ತೇವೆ. ಅವರ ಪಾಲಿಗೆ ಹಳೆಯ ದೇಶದ ನೆನಪು ಬರಿಯ ವಿನೋದವಲ್ಲ, ತಾವು ಯಾರೆಂಬುದಕ್ಕೆ ಉಳಿದಿರುವ ಏಕೈಕ ದಾಖಲೆ. ಈ ಕಾರಣದಿಂದ, ಮೇಲೆ ಹೇಳಿದ ಆಕ್ಷೇಪಣೆಗಳಿದ್ದರೂ, ಆಕೆಯ ಗ್ರಂಥಗಳನ್ನು ಹಂಬಲದ ಸಾಹಿತ್ಯವೆಂದು ತಳ್ಳಿಹಾಕುವ ಸರ್ಬ್ ಮತ್ತು ಕ್ರೊಯಾಟ್ ರಾಷ್ಟ್ರೀಯವಾದಿಗಳ ಪಕ್ಷವನ್ನು ನಾವು ಹಿಡಿಯಲಾರೆವು.

ವಿದ್ಯಾರ್ಥಿಗಳಿಗೆ ಈ ಗ್ರಂಥಗಳನ್ನು ಓದಿಸುವುದಾದರೆ 1964ರ ಪಟ್ಟಿಯ ಕಥೆಯೊಡನೆ ಓದಿಸಬೇಕೆಂದು ನಮಗೆ ತೋರುತ್ತದೆ. ಎರಡೂ ಪಟ್ಟಿಗಳೇ, ಒಂದು ಬದುಕಿದವರ ಸಾಮಾನುಗಳದು, ಇನ್ನೊಂದು ಸತ್ತವರ ಹೆಸರುಗಳದು. ಮೊಸ್ತಾರ್ ಪಟ್ಟಣದಲ್ಲಿ ವಾಸ್ತುಶಿಲ್ಪಿ ಬೊಗ್ದಾನ್ ಬೊಗ್ದಾನೊವಿಚ್ 1965ರಲ್ಲಿ ಕಟ್ಟಿ ಮುಗಿಸಿದ ಪಾರ್ಟಿಸಾನ್ ಯೋಧರ ಸಮಾಧಿಭೂಮಿಯಲ್ಲಿ ಕಲ್ಲುಗಳ ಮೇಲೆ ಸರ್ಬ್, ಕ್ರೊಯಾಟ್, ಮುಸ್ಲಿಮ್, ಯೆಹೂದ್ಯ ಹೆಸರುಗಳನ್ನು ಯಾವ ಮತಚಿಹ್ನೆಯೂ ಇಲ್ಲದೆ ಕೂಡಿಸಿ ಕೆತ್ತಿದ್ದರು. ಅದೂ ರಾಜ್ಯವೇ ಕಟ್ಟಿಸಿದ ನೆನಪು. ಅದರಲ್ಲಿಯೂ ಬ್ಲೈಬುರ್ಗಿನವರ ಹೆಸರಿಲ್ಲ. 2022ರ ಜೂನ್ ತಿಂಗಳಲ್ಲಿ ಒಂದು ರಾತ್ರಿ ಆ ಹೆಸರಿನ ಕಲ್ಲುಗಳಲ್ಲಿ ಬಹುತೇಕ ಎಲ್ಲವನ್ನೂ ಯಾರೋ ಸುತ್ತಿಗೆಯಿಂದ ಒಡೆದು ಚೂರು ಮಾಡಿದರು. ಯುದ್ಧ ಮುಗಿದು ಆಗ ಇಪ್ಪತ್ತಾರು ವರ್ಷಗಳು ಕಳೆದಿದ್ದವು.